ಮಂಗೇನಿಯ ಬಿಳಿ ತಟ್ಟೆ

ವಿಕ್ಟೋರಿಯಾ ಸರೋವರದ ನಮ್ಮ ಕೀನ್ಯಾ ದಡದಲ್ಲಿ ನೀರು ಅಳೆಯುವವನು ಮಂಗೇನಿ. ಹಗ್ಗಕ್ಕೆ ಕಟ್ಟಿದ ಬಿಳಿ ತಟ್ಟೆಯನ್ನು ದೋಣಿಯಿಂದ ಇಳಿಬಿಟ್ಟು, ಅದು ಕಣ್ಮರೆಯಾಗುವ ಆಳವನ್ನು ಬರೆದುಕೊಳ್ಳುತ್ತಾನೆ; ನೀರು ತಿಳಿಯಾದಷ್ಟೂ ತಟ್ಟೆ ಆಳದವರೆಗೆ ಕಾಣುತ್ತದೆ. ಮದುವೆಮನೆಯಲ್ಲಿ ಮೀನಿನ ಸಾರು ಬಡಿಸಿದರೂ ತಳ ಕಾಣುತ್ತದೆಯೇ ಎಂದು ಬಗ್ಗಿ ನೋಡುವವನು. ಅಳಿಯ ಅತ್ತೆಗೆ ಎದುರಾಗಬಾರದೆಂಬುದು ನಮ್ಮಲ್ಲಿ ಕಟ್ಟುನಿಟ್ಟು; ಇವನು ನೀರು ಕೆಡುತ್ತದೆಂದು ದಡದಲ್ಲಿ ಬಟ್ಟೆ ಒಗೆಯುತ್ತಿದ್ದ ಅತ್ತೆಯ ಕೈಯಿಂದಲೇ ಸೋಪು ಕಿತ್ತುಕೊಂಡ. ಉಗಾಂಡದ ಪರವಾಗಿ ಅಳೆಯಲು ಬರುವವನು ಇವನ ಹೆಂಡತಿಯ ತಮ್ಮ ಎಗೇಸ. ತಿಂಗಳಿಗೊಮ್ಮೆ ಇಬ್ಬರೂ ಗಡಿಯಲ್ಲಿ ಒಂದೇ ದೋಣಿ ಹತ್ತುತ್ತಾರೆ, ಹುಟ್ಟು ಹಾಕುವವನು ನಾನು. ನೀರು ಹಸಿರುಗಟ್ಟಿದ್ದರೆ ಮಂಗೇನಿ ಶುರುಮಾಡುತ್ತಾನೆ: "ನಿಮ್ಮೂರಿನ ಕೊಳೆ ಎಲ್ಲಾ ಇಲ್ಲಿಗೇ ಬಂತು ನೋಡಪ್ಪ." ಎಗೇಸ ಸುಮ್ಮನಿರುವವನಲ್ಲ. "ಹೌದು ಭಾವ, ನಿಮ್ಮೂರ ಮೋರೀಲಿ ಪನ್ನೀರೇ ಹರಿಯೋದು." ಇಪ್ಪತ್ತು ವರ್ಷದಿಂದ ಇದೇ ಮಾತು. ಈಚೆಗೆ ಮೂರು ತಿಂಗಳಿಂದ ಮಂಗೇನಿಗೆ ತಟ್ಟೆ ಎರಡೇ ಮೊಳಕ್ಕೆ ಮಾಯವಾಗುತ್ತಿತ್ತು. ನಾಲ್ಕು ಮೊಳದವರೆಗೂ ಕಾಣುತ್ತದೆ ಎಂದ ಎಗೇಸನನ್ನು ಸುಳ್ಳುಬುರುಕ ಎಂದು ಬೈದಿದ್ದ. ಮೊನ್ನೆ ತಟ್ಟೆ ಇಳಿಸಿದ, ಮೇಲೆತ್ತಿದ, ಕಣ್ಣುಜ್ಜಿಕೊಂಡು ಮತ್ತೆ ಇಳಿಸಿದ. ಆಮೇಲೆ, ಯಾರಿಗೂ ಮುಟ್ಟಲು ಬಿಡದ ಆ ಹಗ್ಗವನ್ನು ಎಗೇಸನ ಕೈಗಿಟ್ಟ. "ನೀನೇ ನೋಡು. ಮಂಕಾಗಿರೋದು ನಿಮ್ಮ ನೀರಲ್ಲ ಕಣೋ, ನನ್ನ ಕಣ್ಣು." ಎಗೇಸ ಹಗ್ಗ ಬಿಡುತ್ತಾ ಹೋದ. "ಐದು ಮೊಳ, ಭಾವ," ಎಂದ ಮೆಲ್ಲಗೆ. ಮಂಗೇನಿ ಪುಸ್ತಕವನ್ನು ಮೂಗಿನ ಹತ್ತಿರ ಹಿಡಿದು, ಆ ದಡದವನ ಮಾತನ್ನು ಮೊದಲ ಬಾರಿಗೆ ಹಾಗೆಯೇ ಬರೆದುಕೊಂಡ.