ಮಸ್ಕತ್ ಅಕ್ಕನ ಸಣ್ಣ ಚೀಲ

ಬೆಳಿಗ್ಗೆ ಹಾಲು ಪಾತ್ರೆಗೆ ಸುರಿದ ಮೇಲೆ ಖಾಲಿ ಪ್ಯಾಕೆಟ್ಟನ್ನು ಕಸದ ಬುಟ್ಟಿಗೆ ಹಾಕಲಿಲ್ಲ. ತೊಳೆದು, ಒರೆಸಿ, ಕತ್ತರಿಯಿಂದ ಸಣ್ಣ ಸಣ್ಣ ಚೌಕ ಮಾಡಿಕೊಂಡೆ. ಕೊಬ್ಬರಿ ಎಣ್ಣೆಯ ಪುಟ್ಟ ಬಾಟಲಿಯ ಬಾಯಿಗೆ ಒಂದು ಚೌಕ ಇಟ್ಟು, ಅದರ ಮೇಲೆ ಮುಚ್ಚಳ ಬಿಗಿದೆ. ಶ್ಯಾಂಪೂವಿಗೆ ಇನ್ನೊಂದು. ಕೈ ತನ್ನ ಪಾಡಿಗೆ ತಾನು ಕೆಲಸ ಮಾಡುತ್ತಿತ್ತು. ಮುಖಕ್ಕೆ ಹಚ್ಚುವ ಕ್ರೀಮಿನ ಸರದಿ ಬಂದಾಗ, ಬೆರಳಿಗೆ ಮೆತ್ತಿದ್ದ ಎಣ್ಣೆಯ ಜೊತೆ ಪ್ಯಾಕೆಟ್ಟಿನ ಹಸಿ ಹಾಲಿನ ವಾಸನೆಯೂ ಸೇರಿ ಮೂಗಿಗೆ ಬಂತು ನೋಡಿ... ಮಸ್ಕತ್ ಅಕ್ಕ ಪಕ್ಕದಲ್ಲೇ ಕುಕ್ಕರಗಾಲಿನಲ್ಲಿ ಕೂತ ಹಾಗಾಯಿತು.

ಅದು ಅವರ ಹೆಸರಲ್ಲ. ಹೊಸನಗರದ ಬಸ್ ಸ್ಟ್ಯಾಂಡಿನ ಹಿಂದಿನ ಸಾಲುಮನೆಗಳಲ್ಲಿ ಎಲ್ಲರೂ ಹಾಗೆ ಕರೆಯುತ್ತಿದ್ದರು. ನಾನು ತಾಲ್ಲೂಕು ಕಚೇರಿಗೆ ವರ್ಗವಾಗಿ ಬಂದು ಪಕ್ಕದ ಮನೆ ಬಾಡಿಗೆಗೆ ಹಿಡಿದಾಗ ಅವರು ಮಸ್ಕತ್ತಿನಿಂದ ಬಂದು ಕೆಲವು ವರ್ಷಗಳಾಗಿದ್ದವು. ಹೊಸನಗರದ ಹತ್ತಿರವೇ ಇರುವ ನಗರ ಎಂಬ ಊರಿನ ಕಡೆಯವರು. ಘಟ್ಟದ ಕೆಳಗಿನ ಒಬ್ಬ ಡಾಕ್ಟರ ಮನೆಯಲ್ಲಿ ಕೂಸು ನೋಡಿಕೊಳ್ಳಲು ಸೇರಿ, ಆ ಕುಟುಂಬದ ಜೊತೆಗೇ ಮಸ್ಕತ್ತಿಗೆ ಹೋಗಿ, ಕೂಸು ಹೈಸ್ಕೂಲಿಗೆ ಹೋಗುವಷ್ಟು ದೊಡ್ಡದಾಗುವವರೆಗೆ ಸಾಕಿ, ಆಮೇಲೆ ಆ ಮನೆಗೆ ಇವರ ಕೆಲಸ ಬೇಡವಾದಾಗ ವಾಪಸು ಬಂದವರು. ಅವರಿಗೆ ಗಂಡ ಇರಲಿಲ್ಲ. ಇದ್ದು ಹೋದರೋ, ಬರಲೇ ಇಲ್ಲವೋ ನಾನು ಕೇಳಲಿಲ್ಲ. ನನಗೂ ಇರಲಿಲ್ಲ, ಅವರೂ ಕೇಳಲಿಲ್ಲ. ನಮ್ಮಿಬ್ಬರಿಗೆ ಹೊಂದಿಕೆಯಾಗಲು ಇದೂ ಒಂದು ಕಾರಣವಿರಬೇಕು.

ಊರಿನಲ್ಲಿ ಯಾರಾದರೂ ವಿಮಾನ ಹತ್ತುತ್ತಾರೆ ಅಂದರೆ ಅಕ್ಕನಿಗೆ ಬುಲಾವ್ ಬರುತ್ತಿತ್ತು. ಬಟ್ಟೆಬರೆ ಯಾರು ಬೇಕಾದರೂ ತುಂಬಿಕೊಳ್ಳಬಹುದು. ಕಷ್ಟವೆಲ್ಲ ಎಣ್ಣೆ, ಸೋಪು, ಪೌಡರು, ಸೆಂಟು, ಕುಂಕುಮದ ಭರಣಿಗಳದ್ದು. ಯಾವುದು ಕೈಚೀಲಕ್ಕೆ, ಯಾವುದು ದೊಡ್ಡ ಪೆಟ್ಟಿಗೆಗೆ, ಯಾವುದನ್ನು ಮನೆಯಲ್ಲೇ ಬಿಟ್ಟು ಹೋಗಬೇಕು ಎಂಬುದಕ್ಕೆ ಅಕ್ಕ ಹೇಳಿದ್ದೇ ಮಾತು. ದೊಡ್ಡ ಸೋಪನ್ನು ದಾರದಿಂದ ಕೊಯ್ದು ಅರ್ಧ ಮಾಡುತ್ತಿದ್ದರು. ಪೌಡರಿನ ಡಬ್ಬಿಯೊಳಗೆ ಹತ್ತಿ ಒತ್ತುತ್ತಿದ್ದರು. ಬಾಟಲಿಯನ್ನು ಕಂಠಪೂರ್ತಿ ತುಂಬಿಸಲು ಬಿಡುತ್ತಿರಲಿಲ್ಲ, ಮೇಲೆ ಹೋದಾಗ ಅದು ಉಸಿರು ಬಿಡುತ್ತದೆ ಅನ್ನುತ್ತಿದ್ದರು. ಒಮ್ಮೆ ತೀರ್ಥಹಳ್ಳಿಯಿಂದ ಕಾರು ಕಳಿಸಿ ಕರೆಸಿಕೊಂಡಿದ್ದರು, ದುಬೈಗೆ ಹೊರಟ ಹೊಸ ಸೊಸೆಯ ಮೇಕಪ್ ಸಾಮಾನು ತುಂಬಿಸಲು. ಇನ್ನೊಮ್ಮೆ ನಮ್ಮ ಬೀದಿಯ ನಿವೃತ್ತ ಹೆಡ್ಮಾಷ್ಟರು ದಿಲ್ಲಿಗೆ ಹೊರಟು, ಮನೆಯಲ್ಲೇ ಮಾಡಿದ ಬಿಳಿ ಹಲ್ಲುಪುಡಿಯನ್ನು ಪ್ಲಾಸ್ಟಿಕ್ ಕೊಟ್ಟೆಯಲ್ಲಿ ಕಟ್ಟಿಕೊಂಡಿದ್ದರು.

"ಮೇಷ್ಟ್ರೇ, ಹೆಸ್ರಿಲ್ಲದ ಬಿಳಿ ಪುಡಿ ಇಟ್ಕಂಡು ಹೋದ್ರೆ ನಿಮ್ಮನ್ನ ಅಲ್ಲೇ ಕೂರಿಸ್ಕಂತಾರೆ. ಆಮೇಲೆ ನೀವು ಎಷ್ಟು ಪಾಠ ಮಾಡಿದ್ರೂ ಬಿಡಲ್ಲ" ಅಂದರು ಅಕ್ಕ. ಜೀವಮಾನವಿಡೀ ಪೇಸ್ಟನ್ನು ಬೈದುಕೊಂಡು ಬಂದಿದ್ದ ಮೇಷ್ಟರು ಆ ಸಂಜೆ ಅಂಗಡಿಗೆ ಹೋಗಿ ಪೇಸ್ಟು ತಂದರು.

ಎಲ್ಲ ತುಂಬಿದ ಮೇಲೆ ಪೆಟ್ಟಿಗೆ ಮುಚ್ಚುವುದೇ ಒಂದು ಸಮಾರಂಭ. ಮನೆಯವರಲ್ಲಿ ಒಬ್ಬರನ್ನು ಕರೆದು, "ನೀವು ಒತ್ತಿ, ನಾನು ಎಳೀತೀನಿ. ಒಬ್ರೇ ಎರಡೂ ಮಾಡೋಕೆ ಹೋದ್ರೆ ಜಿಪ್ಪು ಕಿತ್ತು ಬರ್ತದೆ" ಅನ್ನುತ್ತಿದ್ದರು. ಒತ್ತುವವರು ಮುಚ್ಚಳದ ಮೇಲೆ ಕೈಯೂರಿ ಒತ್ತುತ್ತಿದ್ದರು, ಅಕ್ಕ ಜಿಪ್ಪು ಎಳೆಯುತ್ತ ಪೆಟ್ಟಿಗೆಯ ಸುತ್ತ ಬರುತ್ತಿದ್ದರು. ಜಿಪ್ಪು ಮುಚ್ಚಿತೋ, ಅಲ್ಲಿಗೆ ಅಕ್ಕನ ಕೆಲಸ ಮುಗಿಯಿತು. ಒಂದು ಲೋಟ ಕಾಫಿ. ಪ್ರಯಾಣದಿಂದ ವಾಪಸಾದವರು ಹೇಗಾಯಿತು ಎಂದು ಬಂದು ಹೇಳಿದ್ದನ್ನು ನಾನಂತೂ ಕಾಣೆ. ನನಗೆ ಮೈಯೆಲ್ಲ ಉರಿಯುತ್ತಿತ್ತು. ಅಕ್ಕ ಮಾತ್ರ ಯಾರ ಮನೆಯ ಎಣ್ಣೆಯೂ ಚೆಲ್ಲಲಿಲ್ಲವಂತೆ ಎಂಬುದನ್ನು ಹೇಗೋ ಅವರಿವರಿಂದ ತಿಳಿದುಕೊಂಡು ಖುಷಿಪಡುತ್ತಿದ್ದರು.

ಅವರ ಮನೆಯಲ್ಲಿ ಬಾಗಿಲ ಹಿಂದಿನ ಮೊಳೆಗೆ ಒಂದು ಚೀಲ ನೇತುಬಿದ್ದಿರುತ್ತಿತ್ತು. ಒಳಗಿನದೆಲ್ಲ ಕಾಣುವಂಥ ಪಾರದರ್ಶಕ ಪ್ಲಾಸ್ಟಿಕ್ಕಿನ ಸಣ್ಣ ಚೀಲ. ಅದರಲ್ಲಿ ಎಣ್ಣೆಯ ಪುಟ್ಟ ಬಾಟಲಿ, ಅಗಲ ಹಲ್ಲಿನ ಬಾಚಣಿಗೆ, ಕಪ್ಪು ಪಿನ್ನುಗಳು, ಸಣ್ಣ ಪೇಸ್ಟು, ಕ್ರೀಮು, ಅರ್ಧ ಸೋಪು. ಪಾಸ್‌ಪೋರ್ಟೂ ಟ್ರಂಕಿನಲ್ಲಿ ಭದ್ರವಾಗಿತ್ತು. ನಾನು ಮೊದಮೊದಲು ಮಸ್ಕತ್ತಿನಿಂದ ತಂದದ್ದನ್ನು ನೆನಪಿಗೆ ಇಟ್ಟುಕೊಂಡಿದ್ದಾರೆ ಅಂದುಕೊಂಡಿದ್ದೆ. ಒಂದು ಭಾನುವಾರ ಅಕ್ಕ ಆ ಚೀಲ ಹಿಡಿದುಕೊಂಡು ನನ್ನ ಬಾಗಿಲಿಗೆ ಬಂದರು.

"ಇದ್ರ ತಾರೀಕು ನೋಡು ಮಾರಾಯ್ತಿ. ಇರುವೆ ಅಕ್ಷರ, ನಂಗೆ ಕಾಣಲ್ಲ."

ಪೇಸ್ಟಿನ ಬಾಲದಲ್ಲಿ, ಕ್ರೀಮಿನ ತಳದಲ್ಲಿ ಒತ್ತಿದ್ದ ತಾರೀಕುಗಳನ್ನು ಓದಿ ಹೇಳಿದೆ. ಅವಧಿ ಹತ್ತಿರ ಬಂದದ್ದನ್ನೆಲ್ಲ ಅಕ್ಕ ಪಕ್ಕಕ್ಕಿಟ್ಟರು. ಅದನ್ನು ತಾವು ದಿನಬಳಕೆಗೆ ತೆಗೆದುಕೊಂಡು, ಚೀಲಕ್ಕೆ ಹೊಸದು ತಂದು ಹಾಕಿದರು. ಆಮೇಲೆ ಇದು ರೂಢಿಯಾಯಿತು. ಒಂದೊಂದು ಭಾನುವಾರ ನಾನು ತಾರೀಕು ಓದುವುದು, ಅವರು ಬದಲಾಯಿಸುವುದು, ಜೊತೆಗೆ ಕಾಫಿ, ಅವಲಕ್ಕಿ. ಹಾಗೆ ನೋಡಿದರೆ ಅಕ್ಕ ತಮಗಾಗಿ ಒಂದು ಸೋಪನ್ನೂ ಕೊಳ್ಳುತ್ತಿರಲಿಲ್ಲ. ಹೋಗದೆ ಉಳಿದ ಪ್ರಯಾಣದ ಸಾಮಾನಿನಲ್ಲೇ ಹಲ್ಲುಜ್ಜಿ, ಮುಖ ತೊಳೆದು, ತಲೆ ಬಾಚಿಕೊಳ್ಳುತ್ತಿದ್ದರು.

ಪ್ರಯಾಣ ಎಲ್ಲಿಗೆ ಎಂದು ಅವರೇ ಹೇಳಿದರು. ಅಕ್ಕ ಮಸ್ಕತ್ ಬಿಡುವ ದಿನ ಅವರು ಸಾಕಿದ ಆ ಡಾಕ್ಟರ ಮನೆಯ ಹುಡುಗಿ ವಿಮಾನ ನಿಲ್ದಾಣದಲ್ಲಿ ಇವರ ಸೊಂಟಕ್ಕೆ ಆತುಕೊಂಡು, "ಅಮ್ಮಿ, ನನ್ನ ಮದುವೆಗೆ ನೀನೇ ಬಂದು ಜಡೆ ಹಾಕಬೇಕು" ಅಂದಿದ್ದಳಂತೆ. ಡಾಕ್ಟರಮ್ಮನೂ ಟಿಕೆಟ್ ಕಳಿಸಿ ಕರೆಸಿಕೊಳ್ಳುತ್ತೇವೆ ಅಂದಿದ್ದರಂತೆ. ಹುಡುಗಿಗೆ ಒರಟು ಕೂದಲು, ಅಕ್ಕ ಕಾಯಿಸುವ ಒಂದೆಲಗದ ಎಣ್ಣೆಗಷ್ಟೇ ಬಗ್ಗುತ್ತಿತ್ತು. ಒಮ್ಮೆ ರಜೆ ಮುಗಿಸಿ ಮಸ್ಕತ್ತಿಗೆ ಮರಳುವಾಗ ಆ ಎಣ್ಣೆಯ ದೊಡ್ಡ ಬಾಟಲಿಯನ್ನು ತಪಾಸಣೆಯವರು ಕಿತ್ತುಕೊಂಡು ಡಬ್ಬಕ್ಕೆ ಹಾಕಿದ್ದರು. ಅಕ್ಕ ಅಲ್ಲೇ ನಿಂತು ಅತ್ತರಂತೆ. ಸಣ್ಣ ಬಾಟಲಿಗಳ ವಿದ್ಯೆಯನ್ನೆಲ್ಲ ಅವರು ಕಲಿತದ್ದು ಅದಾದ ಮೇಲೆ. ಮದುವೆ ದಿಢೀರಂತ ಗೊತ್ತಾದರೆ ತಡವಾಗಬಾರದಲ್ಲ, ಅದಕ್ಕೇ ಚೀಲ ತಯಾರು. ನಾನು ತಮಾಷೆ ಮಾಡುತ್ತಿದ್ದೆ: "ಹುಡುಗಿಗಿಂತ ಮೊದಲು ನೀವೇ ರೆಡಿಯಾಗಿ ಕೂತಿದ್ದೀರಿ." ಅವರು ನಗುತ್ತಿದ್ದರು. ಒಳಗೊಳಗೇ ನನಗೂ ಆ ಟಿಕೆಟ್ಟು ಬರಲಿ ಅನ್ನಿಸುತ್ತಿತ್ತು... ಬರದಿರಲಿ ಅಂತಲೂ. ಅವರು ಹೋದರೆ ಆ ಸಾಲುಮನೆಯಲ್ಲಿ ನನ್ನ ಬಾಗಿಲು ತಟ್ಟುವವರು ಇನ್ಯಾರೂ ಇರಲಿಲ್ಲ.

ಕೊನೆಗೊಂದು ದಿನ ಡಾಕ್ಟರಮ್ಮನ ಫೋನು ಬಂತು. ಮದುವೆ ಗೊತ್ತಾಗಿತ್ತು. ಆದರೆ ಮಸ್ಕತ್ತಿನಲ್ಲಲ್ಲ, ಕುಂದಾಪುರದ ಕಲ್ಯಾಣ ಮಂಟಪದಲ್ಲಿ. ಹುಲಿಕಲ್ ಘಾಟಿ ಇಳಿದರೆ ಆಯಿತು, ಬಸ್ಸಿನ ದಾರಿ. ಅಕ್ಕ ಫೋನಿಟ್ಟು, ಮೊಳೆಯಿಂದ ಚೀಲ ತೆಗೆದು ಮಡಿಲಲ್ಲಿಟ್ಟುಕೊಂಡು ಕೂತರು. ಆಮೇಲೆ ಎದ್ದು, "ಹತ್ರ ಆತಲ, ಒಳ್ಳೇದೇ. ನೀನೂ ಬಾ. ಒಬ್ಳೇ ಹೋಗೋಕೆ ಒಂಥರಾ" ಅಂದರು.

ಹಿಂದಿನ ದಿನ ನನ್ನನ್ನು ಕರೆದರು. ಬ್ಯಾಗಿಗೆ ಒಳ್ಳೆಯ ಸೀರೆ, ಹುಡುಗಿಗೊಂದು ರೇಷ್ಮೆಯ ರವಿಕೆ ಕಣ, ಮೇಲೆ ಆ ಸಣ್ಣ ಚೀಲ. ಹೊಸದಾಗಿ ಕಾಯಿಸಿದ ಎಣ್ಣೆಯನ್ನು ಅದೇ ಪುಟ್ಟ ಬಾಟಲಿಗೆ ತುಂಬಿ, ಬಾಯಿಗೆ ಹಾಲಿನ ಪ್ಯಾಕೆಟ್ಟಿನ ಚೌಕ ಇಟ್ಟಿದ್ದರು.

"ಬಸ್ಸಿಗೆ ಯಾಕಕ್ಕ ಇಷ್ಟು ಸಣ್ಣ ಬಾಟ್ಲಿ? ಕಂಡಕ್ಟರ್ ಚೆಕ್ ಮಾಡ್ತಾನಾ?"

"ಒತ್ತು ಸುಮ್ನೆ" ಅಂದರು. ನಾನು ಒತ್ತಿದೆ, ಅವರು ಎಳೆದರು.

ಘಾಟಿಯ ತಿರುವುಗಳಲ್ಲಿ ಬಸ್ಸು ವಾಲಿದಾಗಲೆಲ್ಲ ಅಕ್ಕ ಬ್ಯಾಗಿನೊಳಗೆ ಕೈ ಹಾಕಿ ಬಾಟಲಿ ಮುಟ್ಟಿ ನೋಡುತ್ತಿದ್ದರು. ಒಂದು ಹನಿಯೂ ಚೆಲ್ಲಿರಲಿಲ್ಲ. ಕುಂದಾಪುರ ತಲುಪಿ, ಮಂಟಪ ಹುಡುಕಿ, ಮದುಮಗಳ ಕೋಣೆಯ ಬಾಗಿಲಿಗೆ ಹೋದೆವು. ಒಳಗೆ ಕನ್ನಡಿಯ ಸುತ್ತ ದೀಪ, ಚಕ್ರದ ಮೇಲೆ ನಿಂತ ಮೇಕಪ್ ಪೆಟ್ಟಿಗೆ, ಮೊಗ್ಗಿನ ರೆಡಿಮೇಡ್ ಜಡೆ. ಮೇಕಪ್ಪಿನವಳು ಅದನ್ನು ಹುಡುಗಿಯ ತಲೆಗೆ ಕೂರಿಸುತ್ತಿದ್ದಳು. ಹುಡುಗಿ ತಿರುಗುವಂತಿರಲಿಲ್ಲ. ಕನ್ನಡಿಯಲ್ಲೇ ಅಕ್ಕನನ್ನು ಕಂಡು ನಕ್ಕಳು.

"ಹಾಯ್ ಆಂಟಿ, ಬಂದ್ರಾ! ಎಷ್ಟು ಖುಷಿಯಾಯ್ತು."

ಅಕ್ಕ ಬ್ಯಾಗನ್ನು ಎದೆಗೆ ಅವಚಿಕೊಂಡು ಗೋಡೆಗೆ ಒರಗಿ ನಿಂತರು. ಜಡೆ ಒಂದು ಕಡೆ ಜಾರಿತು. "ಯಾರ ಹತ್ರನಾದ್ರೂ ಎರಡು ಪಿನ್ ಇದ್ಯಾ?" ಅಂದಳು ಮೇಕಪ್ಪಿನವಳು, ಯಾರನ್ನೂ ನೋಡದೆ. ಅಕ್ಕ ಬ್ಯಾಗು ಬಿಚ್ಚಿ, ಚೀಲ ತೆಗೆದು, ಪಿನ್ನು ಕೊಟ್ಟರು. ಕೊಡುವಾಗ ಅವರ ಕೈ ಹುಡುಗಿಯ ಕೂದಲಿನ ತೀರ ಹತ್ತಿರ ಹೋಗಿ ಹಾಗೇ ಹಿಂದೆ ಬಂದದ್ದನ್ನು ನಾನು ಕಂಡೆ.

"ಥ್ಯಾಂಕ್ಯೂ ಆಂಟಿ. ಊಟ ಮಾಡ್ಕೊಂಡೇ ಹೋಗ್ಬೇಕು ಆಯ್ತಾ."

ಯಾರೂ ಏನೂ ತಪ್ಪು ಮಾಡಲಿಲ್ಲ. ಡಾಕ್ಟರಮ್ಮ ಕೈಹಿಡಿದು ಮಾತಾಡಿಸಿದರು, ಫೋಟೋಕ್ಕೆ ನಿಲ್ಲಿಸಿದರು, ಹೊರಡುವಾಗ ತಾಂಬೂಲದ ಚೀಲ ಕೊಟ್ಟರು. ಅಷ್ಟು ಒಳ್ಳೆಯವರ ಮೇಲೆ ಸಿಟ್ಟು ಮಾಡಿಕೊಳ್ಳುವುದು ಹೇಗೆ? ನಾನಂತೂ ಮಾಡಿಕೊಂಡೆ. ಆ ಪಾಯಸವನ್ನು ಎಲೆಯಲ್ಲೇ ಬಿಟ್ಟು ಎದ್ದೆ. ವಾಪಸು ಬಸ್ಸಿನಲ್ಲಿ ಅಕ್ಕ ಕಿಟಕಿಯ ಹೊರಗೆ ನೋಡುತ್ತ ಕೂತಿದ್ದರು. ಘಾಟಿ ಹತ್ತಿ ಮುಗಿಯುವಾಗ ನನ್ನ ಕಡೆ ತಿರುಗಿದರು.

"ನನ್ ಪಿನ್ನೇ ಹಾಕಿದ್ರು, ನೋಡಿದ್ಯಾ? ಕಡೇವರೆಗೂ ಜಡೆ ಅಲ್ಲಾಡಲಿಲ್ಲ."

ಹೌದಕ್ಕ ಅಂದೆ.

ಚೀಲ ಮತ್ತೆ ಮೊಳೆಗೆ ಹೋಯಿತು. ಆದರೆ ಆಮೇಲಿನ ಭಾನುವಾರಗಳಲ್ಲಿ ಅಕ್ಕ ಅದನ್ನು ಹಿಡಿದು ಬರಲಿಲ್ಲ. ಅಂಗಡಿಯಿಂದ ದೊಡ್ಡ ಪೇಸ್ಟು, ಇಡೀ ಸೋಪು ತರುತ್ತಿದ್ದರು. ನಾನೇ ಒಮ್ಮೆ "ತಾರೀಕು ನೋಡ್ಲಾ ಅಕ್ಕ?" ಎಂದು ಕೇಳಿದೆ. "ಬ್ಯಾಡ ಬಿಡು, ಇನ್ನೆಂತಕ್ಕೆ" ಅಂದರು. ಬೀದಿಯವರು ಕರೆದಾಗ ಹೋಗಿ ಪೆಟ್ಟಿಗೆ ತುಂಬಿಸುವುದನ್ನು ಬಿಡಲಿಲ್ಲ. ನಮ್ಮ ಭಾನುವಾರದ ಕಾಫಿ ಮಾತ್ರ ನಿಧಾನಕ್ಕೆ ನಿಂತಿತು. ಅವರ ಮನೆಯಲ್ಲಿ ನನಗೆ ಕೆಲಸವಿಲ್ಲದ ಹಾಗಾಗಿ, ಸುಮ್ಮನೆ ಹೋಗಿ ಕೂರಲು ನನಗೇ ಒಂದು ಥರ ಸಂಕೋಚ.

ನನಗೆ ಸಾಗರಕ್ಕೆ ವರ್ಗವಾದಾಗ ಅವರೇ ಬಂದು ಸಾಮಾನು ಕಟ್ಟಿದರು. ಲಾರಿಗೆ ಹೋಗುವ ಎಣ್ಣೆ ಡಬ್ಬಿಗೂ ಹಾಲಿನ ಪ್ಯಾಕೆಟ್ಟಿನ ಚೌಕ. "ನೀನು ವಿಮಾನ ಹತ್ತೋವಾಗ ಕರಿ, ನಾನೇ ಬಂದು ತುಂಬ್ತೀನಿ" ಅಂದರು. ನಾನೆಲ್ಲಿ ವಿಮಾನ ಹತ್ತೋದು ಬಿಡಿ ಅಕ್ಕ ಎಂದು ನಕ್ಕಿದ್ದೆ. ಸಾಗರಕ್ಕೂ ಹೊಸನಗರಕ್ಕೂ ಎಷ್ಟು ದೂರ? ಆದರೂ ಫೋನುಗಳು ಕಡಿಮೆಯಾದವು. ಒಂದು ದಿನ ಮನೆ ಓನರ್ ಫೋನ್ ಮಾಡಿ, ಅಕ್ಕ ತೀರಿಹೋಗಿ ವಾರವಾಯಿತು, ನಿಮಗೆ ಹೇಳಬೇಕು ಅಂತ ಈಗ ನೆನಪಾಯಿತು ಅಂದರು. ನಾನು ಹೋದಾಗ ಆ ಮನೆಗೆ ಸುಣ್ಣ ಹೊಡೆಯುತ್ತಿದ್ದರು. ಬಾಗಿಲ ಹಿಂದಿನ ಮೊಳೆ ಇತ್ತು. ಚೀಲ ಎಲ್ಲಿ ಎಂದು ಓನರನ್ನು ಕೇಳಿದೆ.

"ಎಂತದೋ ಹಳೇ ಬಾಟ್ಲಿ, ಪಿನ್ನು ಇತ್ತು ಮೇಡಂ. ಎಲ್ಲ ಡೇಟ್ ಆಗಿದ್ದು. ಎಸೆದ್ವಿ."

ಈಗ ನಾನೂ ನಿವೃತ್ತಳು. ಸಾಗರದ ಮನೆಯಲ್ಲಿ ಒಬ್ಬಳೇ ಇದ್ದು ಸಾಕಾಗಿ, ಪ್ರವಾಸದ ಗುಂಪೊಂದಕ್ಕೆ ಹೆಸರು ಕೊಟ್ಟಿದ್ದೇನೆ. ಶಿವಮೊಗ್ಗಕ್ಕೇ ವಿಮಾನ ಬರುತ್ತದಲ್ಲ, ನಾಳೆ ಅಲ್ಲಿಂದ ಹೊರಡಬೇಕು. ಗುಂಪಿನಲ್ಲಿ ನನಗೆ ಗೊತ್ತಿರುವವರು ಒಬ್ಬರೂ ಇಲ್ಲ. ಸಾಮಾನೆಲ್ಲ ಅಕ್ಕ ಹೇಳಿದ ಹಾಗೇ ತುಂಬಿದ್ದೇನೆ. ಪೌಡರಿಗೆ ಹತ್ತಿ, ಸೋಪು ಅರ್ಧ, ಬಾಟಲಿ ಮುಕ್ಕಾಲು. ಕಪ್ಪು ಪಿನ್ನೂ ಹಾಕಿಕೊಂಡಿದ್ದೇನೆ, ಬಾಬ್ ಮಾಡಿಸಿದ ಈ ನರೆತ ಕೂದಲಿಗೆ ಅದು ಯಾಕೆ ಬೇಕೋ ಗೊತ್ತಿಲ್ಲ.

ಮಧ್ಯಾಹ್ನ ಪೆಟ್ಟಿಗೆ ಮುಚ್ಚಲು ಕೂತೆ. ಜಿಪ್ಪು ಅರ್ಧ ದಾರಿಗೆ ಬಂದು ನಿಂತಿತು. "ಒತ್ತಿ ಅಕ್ಕ" ಎಂದು ಬಾಯಿ ತಪ್ಪಿ ಜೋರಾಗಿಯೇ ಅಂದುಬಿಟ್ಟೆ. ಕುಂದಾಪುರಕ್ಕೆ ಹೊರಟ ದಿನ ಅವರ ಬ್ಯಾಗು ಒತ್ತಲು ನಾನಿದ್ದೆ ಎಂಬುದೊಂದೇ ಸಮಾಧಾನ. ಕಣ್ಣು ಒರೆಸಿಕೊಂಡೆ. ಪೆಟ್ಟಿಗೆಯ ಮೇಲೆ ಮೊಣಕಾಲೂರಿ ನಾನೇ ಒತ್ತಿದೆ, ನಾನೇ ಎಳೆದೆ.