ಹನ್ನೆರಡು ಕಿಲೋಮೀಟರ್ ಕೇಳಲು ರುವೈಸ್‌ಗೆ

ಫೆಬ್ರವರಿಯ ಒಂದು ಶನಿವಾರ ಬೆಳಿಗ್ಗೆ ಆರೂಕಾಲಿಗೆ ದುಬೈನ ಜುಮೇರಾ ಲೇಕ್ ಟವರ್ಸ್‌ನಿಂದ ಹೊರಟೆವು. ಮಂಜು ಕವಿದಿತ್ತು. ನಾನಿರುವ ಕಟ್ಟಡದ ಹತ್ತನೆಯ ಮಹಡಿಯಿಂದ ಮೇಲಿನದೆಲ್ಲ ಮಾಯವಾಗಿತ್ತು. ರುವೈಸ್ ಇಲ್ಲಿಂದ ಪಶ್ಚಿಮಕ್ಕೆ ಸುಮಾರು ಮುನ್ನೂರೈವತ್ತು ಕಿಲೋಮೀಟರ್. ಅಬುಧಾಬಿ ದಾಟಿ ಸೌದಿ ಗಡಿಯ ಕಡೆಗೆ ಹೋಗುವ ಹೆದ್ದಾರಿಯಲ್ಲಿ ಸಿಗುವ ತೈಲ ಶುದ್ಧೀಕರಣದ ಊರು. ನನ್ನ ಸೋದರಮಾವ ಅಲ್ಲಿ ಇಂಜಿನಿಯರ್. ಯಾವಾಗಲೂ ಬಸ್ಸಿನಲ್ಲಿ ಹೋಗುತ್ತಿದ್ದೆ. ಅಬುಧಾಬಿಯವರೆಗೆ ಇಪ್ಪತ್ತೈದು ದಿರ್ಹಮ್, ಅಲ್ಲಿ ಇಳಿದು ಇನ್ನೊಂದು ಬಸ್ಸು, ಒಟ್ಟು ಅರ್ಧ ದಿನ. ಈ ಸಲ ಗುಲ್ ಜಮಾನ್, "ನಾನೂ ರುವೈಸ್‌ಗೇ ಹೊರಟಿದ್ದೇನೆ, ಕೂತ್ಕೋ" ಎಂದ.

ಗುಲ್ ಜಮಾನ್ ನಮ್ಮ ಇನ್ಶೂರೆನ್ಸ್ ಆಫೀಸಿನ ವ್ಯಾನ್ ಡ್ರೈವರ್. ನನಗಿಂತ ಎಂಟು ವರ್ಷ ದೊಡ್ಡವನಾದರೂ ನಮ್ಮಿಬ್ಬರದು ಏಕವಚನದ ಸಲುಗೆ, ಮಾತು ಹಿಂದಿಯಲ್ಲಿ. ಅವನು ಪಶ್ತೂನ್, ಅಂದರೆ ನಮ್ಮ ಕಡೆ ಪಠಾಣ ಎನ್ನುವ ಜನ. ಊರು ವಜೀರಿಸ್ತಾನದಲ್ಲಿ, ಪಾಕಿಸ್ತಾನ ಮುಗಿದು ಅಫ್ಘಾನಿಸ್ತಾನ ಶುರುವಾಗುವ ಬೆಟ್ಟಗಳ ನಡುವೆ. ಅವನ ಮಗಳಿಗೆ ನಾಲ್ಕು ವರ್ಷ. ಅವಳನ್ನು ಅವನು ಫೋನಿನಲ್ಲಿ ನೋಡಿದ್ದಾನೆ, ಎತ್ತಿಕೊಂಡಿಲ್ಲ.

ರಜೆ ಸಿಗದೆ ಹೀಗಾದದ್ದಲ್ಲ. ಟಿಕೆಟ್ಟೂ ಆಗಲೇ ತೆಗೆದಿದ್ದ, ಮುಂದಿನ ವಾರಕ್ಕೆ. ಕೊನೆಯ ಸೇನಾ ಚೌಕಿ ದಾಟಿದ ಮೇಲೆ ಅವನ ಹಳ್ಳಿಗೆ ಹನ್ನೆರಡು ಕಿಲೋಮೀಟರ್ ಏರುದಾರಿ. ಆ ದಾರಿ ಹೋಗುವುದು ಇನ್ನೊಂದು ಮನೆತನದ ಕಣಿವೆಯಲ್ಲಿ. ಚಿಲ್ಗೋಜಾ ಎಂಬ ತಿನ್ನುವ ಬೀಜ ಬಿಡುವ ಪೈನ್ ಜಾತಿಯ ಮರಗಳ ಒಂದು ಇಳಿಜಾರು ಯಾರದೆಂದು ಎರಡೂ ಮನೆತನಗಳಿಗೆ ಜಗಳ ಹತ್ತಿತ್ತು. ಆ ಕಡೆ ಒಬ್ಬ ಸತ್ತ, ಈ ಕಡೆ ಒಬ್ಬ ಸತ್ತ. ಅಂದಿನಿಂದ ಇವರ ಗಂಡಸರು ಆ ದಾರಿ ಹಿಡಿದರೆ ಗುಂಡು. ಆ ಮನೆತನದ ಯಜಮಾನ ಹಾಜಿ ಶೇರ್ ಬಾಜ್ ಈಗ ರುವೈಸ್‌ನಲ್ಲಿ ಪಂಚರ್ ಅಂಗಡಿ ನಡೆಸುತ್ತಿದ್ದರು. ಗುಲ್ ಜಮಾನ್ ಹೊರಟಿದ್ದು ಅವರ ಹತ್ತಿರ, ಹನ್ನೆರಡು ಕಿಲೋಮೀಟರ್ ದಾರಿ ಕೇಳಲು.

ಅಬುಧಾಬಿ ಎಮಿರೇಟ್ ಶುರುವಾದೊಡನೆ ಹೆದ್ದಾರಿಯ ಮೇಲಿನ ವಿದ್ಯುತ್ ಫಲಕಗಳು ವೇಗದ ಮಿತಿಯನ್ನು ಎಂಬತ್ತಕ್ಕೆ ಇಳಿಸಿದ್ದವು. ಸಾಲು ಸಾಲು ಕಾರುಗಳು ಎಮ್ಮೆಗಳ ಹಾಗೆ ಒಂದರ ಹಿಂದೆ ಒಂದು ನಡೆದವು. ನಿಧಾನದ ಪ್ರಯಾಣ ವಾದಕ್ಕೆ ಒಳ್ಳೆಯದು. ಧಾರವಾಡದ ಕಾಲೇಜಿನಲ್ಲಿ ಮೂರು ವರ್ಷ ಚರ್ಚಾಸ್ಪರ್ಧೆಯಲ್ಲಿ ಮಾತಾಡಿದವನಿಗೆ ಎದುರಾಳಿ ಸೀಟ್ ಬೆಲ್ಟ್ ಹಾಕಿಕೊಂಡು ಪಕ್ಕದಲ್ಲೇ ಸಿಕ್ಕಿದ್ದ.

"ಹೆಂಡತಿ, ಮಗಳನ್ನ ಪೇಶಾವರಕ್ಕೆ ಕರೆಸಿಕೊಂಡರೆ ಆಯ್ತಲ್ಲ ಖಾನ್ ಭಾಯ್? ಹೆಂಗಸರನ್ನ ಅವರೇನೂ ತಡೆಯಲ್ಲ ಅಂತೀಯ."

"ಆಗ್ತದೆ. ಆದರೆ ನಾನು ದಾರಿ ಬಿಟ್ಟುಕೊಟ್ಟೆ ಅಂತ ಇಡೀ ಕಣಿವೆಗೆ ಗೊತ್ತಾಗ್ತದೆ. ಆಮೇಲೆ ನನ್ನ ತಮ್ಮಂದಿರಿಗೂ ಆ ದಾರಿ ಇಲ್ಲ."

"ಸೈನ್ಯದ ಚೌಕಿ ಯಾಕಿದೆ ಹಾಗಾದರೆ?"

"ಕಾರ್ಡ್ ನೋಡ್ತಾರೆ. ಗಾಡಿ ಕೆಳಗೆ ಕನ್ನಡಿ ಹಿಡೀತಾರೆ. ಬಾಂಬ್ ಇದೆಯಾ ಅಂತ ಕೇಳ್ತಾರೆ, ಇಲ್ಲ ಅಂದರೆ ಹೋಗು ಅಂತಾರೆ. ಮರ ಯಾರದು ಅಂತ ಸೈನ್ಯ ಕೇಳಲ್ಲ ಭಾಯ್."

ಖಲೀಫಾ ಸಿಟಿಯ ತಿರುವು ದಾಟುವಾಗ ಮಂಜು ಹರಿಯತೊಡಗಿತ್ತು. ಇಲ್ಲಿ ಎರಡೂ ಮನೆತನದವರು ಹೇಗಿದ್ದೀರಿ ಎಂದು ಕೇಳಿದೆ. ಒಂದೇ ಲೇಬರ್ ಕ್ಯಾಂಪಿನಲ್ಲಿ, ಒಂದೇ ನಲ್ಲಿಯಲ್ಲಿ ಕೈ ತೊಳೆಯುತ್ತೇವೆ ಎಂದ. "ಇಲ್ಲಿ ಕೈ ಎತ್ತಿದರೆ ವೀಸಾ ಖಲಾಸ್."

"ಇದೇ ನನ್ನ ವಾದ," ಎಂದೆ. "ಕಾನೂನಿನ ಹೆದರಿಕೆ ಇದ್ದಲ್ಲಿ ನಿಮ್ಮ ಮಾನ, ಸೇಡು ಎಲ್ಲ ಸುಮ್ಮನೆ ಮಲಗ್ತದೆ. ಹಾಗಿದ್ದ ಮೇಲೆ ಅದನ್ನ ಇಷ್ಟು ದೊಡ್ಡ ಮಾತು ಅಂತ ಯಾಕೆ ಒಪ್ಪಬೇಕು?"

ಅವನು ಟ್ರಕ್ಕೊಂದನ್ನು ದಾಟಿದ. ಅಂಕ ನನಗೇ ಎಂದುಕೊಂಡೆ.

ತರೀಫ್ ಬಳಿ ಪೆಟ್ರೋಲ್ ಬಂಕಿನ ಹಿಂದೆ ಟ್ರಕ್ಕಿನವರ ಹೋಟೆಲು. ಎರಡು ದೊಡ್ಡ ನಾನ್, ಕಡಲೆ, ಎರಡು ಕರಕ್ ಚಹಾ, ಹದಿನಾಲ್ಕು ದಿರ್ಹಮ್. ತಿನ್ನುತ್ತ ಗುಲ್ ಜಮಾನ್ ತಾನು ಕೇಳಲಿರುವುದೇನೆಂದು ಬಿಡಿಸಿ ಹೇಳಿದ. ಅದಕ್ಕೆ ಅವರಲ್ಲಿ 'ಬದ್ರಗಾ' ಎನ್ನುತ್ತಾರೆ. ವೈರಿಯ ಸೀಮೆ ದಾಟುವವನ ಜೊತೆ ಆ ಸೀಮೆಯವರೇ ಒಬ್ಬರು ಗಾಡಿಯಲ್ಲಿ ಕೂರುತ್ತಾರೆ. ಅವರು ಕೂತ ಗಾಡಿಗೆ ಗುಂಡು ಬಿದ್ದರೆ ಕೆಡುವುದು ಗುಂಡು ಹಾರಿಸಿದವರ ಸ್ವಂತ ಮನೆತನದ ಮಾನ.

"ಇದನ್ನ ಬರವಣಿಗೆಯಲ್ಲಿ ತಗೋ," ಎಂದೆ. ನನ್ನ ಕೆಲಸವೇ ಅದು, ಯಾರು ಯಾವುದಕ್ಕೆ ಹೊಣೆ ಎಂಬುದನ್ನು ಕಾಗದದ ಮೇಲೆ ಹಿಡಿಯುವುದು. "ಸಹಿ ಇಲ್ಲದ ಮಾತು ಗಾಳಿ."

"ಬೇಡ," ಎಂದ ಗುಲ್ ಜಮಾನ್. "ಆ ಮಾತು ಅಲ್ಲಿ ಎತ್ತಲೂಬೇಡ."

ಮಿರ್ಫಾದಿಂದಾಚೆ ಎಡಬಲಕ್ಕೆ ಉಪ್ಪುಗಟ್ಟಿದ ಬಯಲು. ಬಿಸಿಲಿಗೆ ಒದ್ದೆ ನೆಲದಂತೆ ಹೊಳೆಯುತ್ತಿತ್ತು. ಹನ್ನೊಂದೂವರೆಗೆ ರುವೈಸ್ ತಲುಪಿದೆವು. ಮಾವ ಡ್ಯೂಟಿಯಲ್ಲಿದ್ದರು. ಅತ್ತೆ ಬಾಗಿಲಲ್ಲೇ ಹಿಡಿದರು. "ಖಾನ್ ಸಾಹೇಬ್ರಿಗೂ ಹೇಳೋ, ಉಂಡ ಹೋಗಂತ. ಹಿಂಗ ಬಾಗಿಲಿಂದ ಹೊಳ್ಳಿ ಹೋಗೂದಂದ್ರ ಹೆಂಗ?" ಹುಬ್ಬಳ್ಳಿಯಿಂದ ತಂದ ಜೋಳದ ಹಿಟ್ಟಿನ ರೊಟ್ಟಿಯನ್ನು ಗುಲ್ ಜಮಾನ್ ನಾಲ್ಕು ತಿಂದ. ಅವನು ನಮಾಜಿಗೆ ಎದ್ದಾಗ ನಾನು ಮಾವನ ಕಂಪ್ಯೂಟರಿನ ಮುಂದೆ ಕುಳಿತು ಹತ್ತು ಸಾಲಿನ ಕರಾರು ಬರೆದು ಪ್ರಿಂಟ್ ತೆಗೆದೆ. ಭಾಷೆ ಹಿಂದಿ, ಅಕ್ಷರ ಇಂಗ್ಲಿಷಿನದು; ಇಲ್ಲಿ ಎಲ್ಲರೂ ಫೋನಿನಲ್ಲಿ ಬರೆಯುವುದು ಹಾಗೆಯೇ.

"ಏನೋ ಅದು?" ಅತ್ತೆ ಕೇಳಿದರು.

"ಕರಾರು, ಅತ್ತಿ. ಆ ಮನುಷ್ಯಾನ ಜೀವದ ಪ್ರಶ್ನೆ ಐತಿ."

"ಧಾರವಾಡದಾಗ ಮಾಸ್ತರ ತಲಿ ತಿಂದಿ. ಈಗ ಪಠಾಣರದೂ ತಿಂತೀಯೇನು? ಬಾಯಿ ಮುಚ್ಚಕೊಂಡು ಚಾ ಕುಡದು ಬಾ."

ಮೂರೂಮುಕ್ಕಾಲಿಗೆ ಪಂಚರ್ ಅಂಗಡಿಗೆ ಹೋದೆವು. ಟೈರುಗಳ ಗೋಡೆಯ ಹಿಂದೆ ಒಂದು ಕೋಣೆ, ಕಂಬಳಿ, ಒರಗುದಿಂಬು. ಹಾಜಿ ಶೇರ್ ಬಾಜ್‌ಗೆ ಅರವತ್ತು ದಾಟಿರಬಹುದು, ಉಗುರಿನ ಸಂದಿಯಲ್ಲಿ ಗ್ರೀಸು. ಅವರ ಮನೆತನದ ಐದಾರು ಗಂಡಸರು ಗೋಡೆಗೆ ಒರಗಿದ್ದರು. ಮರದ ಜಗಳದಲ್ಲಿ ಇವರ ಕಡೆ ಸತ್ತವನು ಹಾಜಿಯವರ ಅಣ್ಣನ ಮಗ ಎಂಬುದು ನನಗೆ ಅಲ್ಲಿ ಕೂತ ಮೇಲೆ ಗೊತ್ತಾಯಿತು. ಹಸಿರು ಚಹಾ ಬಂತು, ಒಣ ಹಿಪ್ಪುನೇರಳೆ ಬಂತು. ನಾನು ಎರಡು ಲೋಟ ಮುಗಿಸಿದೆ. ಗುಲ್ ಜಮಾನ್ ತನ್ನದನ್ನು ಮುಟ್ಟಲಿಲ್ಲ. ಬೇಡಲು ಬಂದವನು ಬೇಡಿದ್ದು ಸಿಗುವವರೆಗೆ ಕುಡಿಯುವುದಿಲ್ಲ. ಅವರೆಲ್ಲ ಆ ತುಂಬಿದ ಲೋಟವನ್ನೇ ನೋಡುತ್ತಿದ್ದರು.

ಅವನು ಪಶ್ತೋದಲ್ಲಿ ಕೇಳಿದ. ಸಣ್ಣ ಮಾತು, ಎರಡೇ ನಿಮಿಷ. ಹಾಜಿ ತಲೆಯಾಡಿಸಿ, ನನಗೂ ತಿಳಿಯಲೆಂದು ಹಿಂದಿಯಲ್ಲಿ, "ಕೊಟ್ಟೆ ಅಂತಲೇ..." ಎಂದು ಶುರು ಮಾಡಿದರು.

ಆಗ ನಾನು ಕಾಗದ ತೆಗೆದು ಮುಂದಿಟ್ಟೆ. "ಹಾಜಿ ಸಾಹೇಬ್, ಹಾಗಿದ್ದರೆ ಇಲ್ಲೊಂದು ಸಹಿ."

ಮಾತು ಅಲ್ಲೇ ನಿಂತಿತು. ಗೋಡೆಗೆ ಒರಗಿದವರಲ್ಲಿ ಇಬ್ಬರು ನೆಟ್ಟಗೆ ಕೂತರು. ಹಾಜಿ ಕಾಗದವನ್ನು ಮುಟ್ಟದೆ ಗುಲ್ ಜಮಾನ್‌ಗೆ ಹೇಳಿದರು, "ನನಗೆ ಓದು ಬರಲ್ಲ. ನೀನೇ ಓದು."

ಅವನು ಒಂದೊಂದೇ ಅಕ್ಷರ ಕೂಡಿಸುತ್ತ ಓದಿದ. ಶೇರ್ ಬಾಜ್ ಎಂಬುವವರು ಮಾತು ತಪ್ಪಿದಲ್ಲಿ... ಅವನ ಕಿವಿ ಕೆಂಪಾಗಿತ್ತು. ಮನೆಯೊಳಗೆ ಬಂದು ಯಜಮಾನನಿಗೆ ನೀನು ಸುಳ್ಳುಗಾರ ಎಂದು ಹೇಳುವ ಹತ್ತು ಸಾಲನ್ನು ನಾನು ಅವನ ಬಾಯಿಂದ ಹೇಳಿಸುತ್ತಿದ್ದೆ. ನಾಲ್ಕನೆಯ ಸಾಲಿಗೆ ಕಾಗದವನ್ನು ಕೆಳಗಿಟ್ಟ.

"ಇದು ಯಾರ ಮಾತು?" ಹಾಜಿ ಕೇಳಿದರು.

ನನ್ನದಲ್ಲ ಎಂದು ಗುಲ್ ಜಮಾನ್ ಹೇಳಬಹುದಿತ್ತು. ಹೇಳಿದ್ದರೆ ಅವನ ದಾರಿ ಅವನಿಗೆ ಉಳಿಯುತ್ತಿತ್ತು. ಅವನು, "ಇವನು ನನ್ನ ಜೊತೆ ಬಂದಿದ್ದಾನೆ. ಇವನ ಮಾತು ನನ್ನದೇ," ಎಂದ.

"ಅಲ್ಲ," ಎಂದೆ ನಾನು. "ಅವನು ಬೇಡ ಅಂದಿದ್ದ. ಬರೆದದ್ದು ನಾನು. ಮಾತಿನ ಮೇಲೆ ನಂಬಿಕೆ ಇಲ್ಲದ್ದೂ ನನಗೇ."

ಹಾಜಿ ನನ್ನ ಕಡೆ ತಿರುಗಿದರು. "ವಕೀಲ್ ಸಾಹೇಬ್, ನಿನ್ನ ಕಾಗದ ಏನು ಮಾಡ್ತದೆ?"

"ನಾನು ವಕೀಲ ಅಲ್ಲ. ಇನ್ಶೂರೆನ್ಸ್. ಮನುಷ್ಯ ಸತ್ತರೆ ಕಂಪನಿ ದುಡ್ಡು ಕೊಡ್ತದೆ."

"ಅಂದರೆ ನಿನ್ನ ಕಾಗದ ಕೆಲಸಕ್ಕೆ ಹೊರಡೋದೇ ಮನುಷ್ಯ ಸತ್ತ ಮೇಲೆ!" ಗೋಡೆಗೆ ಒರಗಿದವರು ನಕ್ಕರು. ಹಾಜಿ ನಗಲಿಲ್ಲ. "ನಮ್ಮ ಮಾತು ಅದಕ್ಕಿಂತ ಮುಂಚೆ ಕೆಲಸ ಮಾಡ್ತದೆ. ನನ್ನ ತಂದೆ ಊರಲ್ಲಿದ್ದಾರೆ. ಎಂಬತ್ತು ದಾಟಿದೆ, ಕಣ್ಣು ಕಾಣಲ್ಲ. ಚೌಕಿಯಿಂದ ಇವನ ಮನೆಯವರೆಗೆ ಮುಂದಿನ ಸೀಟಿನಲ್ಲಿ ಅವರು ಕೂರ್ತಾರೆ."

ಇಲ್ಲಿಗೆ ಸುಮ್ಮನಾಗಬೇಕಿತ್ತು. ನನ್ನಿಂದಾಗಲಿಲ್ಲ. "ದಾರಿಯಲ್ಲಿ ಯಾರೋ ಹೂತಿಟ್ಟ ಬಾಂಬಿಗೆ ನಿಮ್ಮ ತಂದೆ ಯಾರು ಅಂತ ಗೊತ್ತಾ? ಆಕಾಶದಿಂದ ಬೀಳೋ ಡ್ರೋನ್ ಬಾಂಬಿಗೆ ಗೊತ್ತಾ? ಮುಖ ಮುಚ್ಚಿಕೊಂಡು ಬರೋ ಬಂದೂಕಿನವರಿಗೆ?"

ಗುಲ್ ಜಮಾನ್ ಕಣ್ಣು ಮುಚ್ಚಿಕೊಂಡ. ಹಾಜಿ ಉಗುರಿನ ಗ್ರೀಸನ್ನು ಸ್ವಲ್ಪ ಹೊತ್ತು ಕೆರೆದರು.

"ಗೊತ್ತಿಲ್ಲ," ಎಂದರು. "ಅದಕ್ಕೆ ನಾನು ಮಾತು ಕೊಡಲ್ಲ. ನನ್ನ ಜನ ನನ್ನವರು, ಅವರಷ್ಟಕ್ಕೆ ಮಾತ್ರ ಕೊಡ್ತೇನೆ. ಮುಂಚೆ ನಮ್ಮಪ್ಪನ ಹೆಸರು ಗಡಿಯ ಆಚೆಗೂ ನಡೀತಿತ್ತು. ಈಗ ಹನ್ನೆರಡು ಕಿಲೋಮೀಟರ್."

ನಾನು ದಿನವೂ ಓದುವ ಪಾಲಿಸಿಗಳಲ್ಲಿ, ಇದಕ್ಕೆಲ್ಲ ನಾವು ಹೊಣೆಯಲ್ಲ ಎಂಬ ಭಾಗ ಅತಿ ಸಣ್ಣ ಅಕ್ಷರದಲ್ಲಿರುತ್ತದೆ. ಇವರು ಅದನ್ನು ತಮ್ಮವರೆಲ್ಲರ ಎದುರಿಗೆ, ತಮ್ಮ ಮನೆತನದ ಬೆಲೆ ಇಳಿದದ್ದನ್ನೂ ಸೇರಿಸಿ, ಗಟ್ಟಿಯಾಗಿ ಹೇಳಿದ್ದರು. ನಾನು ಕಾಗದ ಮಡಚಿ ಜೇಬಿಗೆ ಹಾಕಿಕೊಂಡೆ. ಎದುರಾಳಿ ತಾನಾಗಿ ಸೋಲೊಪ್ಪಿದ ಮೇಲೆ ಅವನ ಮಿಕ್ಕ ಮಾತು ನಿಜವೆನಿಸುವುದು ವಿಚಿತ್ರ, ಆದರೆ ಅನಿಸಿತು.

"ಇವನು ನಂಬಲ್ಲ. ಒಳ್ಳೇದೇ ಆಯ್ತು," ಎಂದರು ಹಾಜಿ ಉಳಿದವರಿಗೆ. "ನಂಬದವನೇ ಸಾಕ್ಷಿ. ಗುಲ್ ಜಮಾನ್ ಮನೆ ಮುಟ್ಟಿದ್ದು ನನಗೆ ನಿನ್ನ ಬಾಯಿಂದಲೇ ಬರಬೇಕು, ವಕೀಲ್ ಸಾಹೇಬ್. ಮುಟ್ಟಲಿಲ್ಲ ಅಂದರೆ ಇದೇ ಕೋಣೆಗೆ ಬಾ. ಇವರೆಲ್ಲರ ಮುಂದೆ ನನ್ನನ್ನ ಕೇಳು."

ಗುಲ್ ಜಮಾನ್ ಆರಿ ತಣ್ಣಗಾಗಿದ್ದ ಚಹಾ ಎತ್ತಿ ಒಂದೇ ಗುಟುಕಿಗೆ ಕುಡಿದ.

ಹೊರಗೆ ಬಂದ ಮೇಲೆ ನನ್ನ ಬೆನ್ನಿಗೆ ಒಂದು ಬಲವಾದ ಪೆಟ್ಟು ಕೊಟ್ಟ. ಅದರಲ್ಲಿ ಅರ್ಧಕ್ಕಿಂತ ಹೆಚ್ಚು ಸಿಟ್ಟಿತ್ತು. ಸಂಜೆ ಅತ್ತೆಗೆ ಎಲ್ಲ ಹೇಳಿದೆ. "ಹೋಗಿ ಹೋಗಿ ಪಠಾಣರ ಮುಂದ ಕಾಗದ ತಗದೀಯಲ್ಲೋ! ಅವ ಹೆಂಗ ನಿನ್ನ ವಾಪಸ್ ಕರಕೊಂಡು ಬಂದಾನಪ್ಪಾ," ಎಂದು ಅವರು ತಲೆಯ ಮೇಲೆ ಕೈಯಿಟ್ಟುಕೊಂಡರು.

ಭಾನುವಾರ ಹತ್ತಕ್ಕೆ ರುವೈಸ್ ಬಿಟ್ಟೆವು. ಮಂಜಿರಲಿಲ್ಲ, ಗಾಳಿಯಿತ್ತು, ಮರಳು ರಸ್ತೆಯ ಮೇಲೆ ಹಾವಿನಂತೆ ಹರಿಯುತ್ತಿತ್ತು. ಪೆಟ್ರೋಲ್ ನಾನು ಹಾಕಿಸಿದೆ, ಚಹಾ ಅವನು ಕುಡಿಸಿದ. ದಾರಿಯಲ್ಲಿ ವಾದ ನಡೆಯಲಿಲ್ಲ. ಮಗಳಿಗೆ ಯಾವ ಅಳತೆಯ ಚಪ್ಪಲಿ ಒಯ್ಯಬೇಕೆಂದು ಅಬುಧಾಬಿಯವರೆಗೆ ಯೋಚಿಸಿದ. ಎರಡು ಗಂಟೆಗೆ ನನ್ನನ್ನು ಕಟ್ಟಡದ ಕೆಳಗೆ ಇಳಿಸಿದ. ಗುರುವಾರ ಊರಿಗೆ ಹಾರಿದ.

ಶನಿವಾರ ಸಂಜೆ ಫೋನ್ ಬಂತು. ಅವನ ಹಳ್ಳಿಯಲ್ಲಿ ಮಾಳಿಗೆಯ ಮೇಲೆ ನಿಂತರೆ ಮಾತ್ರ ನೆಟ್‌ವರ್ಕ್ ಸಿಗುವುದು. ಗಾಳಿಯ ಸದ್ದು, ನಡುವೆ ಯಾರೋ ಸಣ್ಣ ಹುಡುಗಿ ಒಂದೇ ಸಮ ಏನೋ ಹೇಳುತ್ತಿದ್ದಳು.

"ಮುಟ್ಟಿದೆ ಭಾಯ್. ಚಪ್ಪಲಿ ಸಣ್ಣದಾಯ್ತು."

"ಮುದುಕರು ಏನು ಮಾಡಿದರು ದಾರಿಯಲ್ಲಿ?"

"ನಿದ್ದೆ. ಚೌಕಿಯಿಂದ ನಮ್ಮ ಬಾಗಿಲವರೆಗೆ ಗೊರಕೆ. ಇಳಿಸೋಕೆ ಎಬ್ಬಿಸಬೇಕಾಯ್ತು."

ತಕ್ಷಣ ರುವೈಸ್‌ಗೆ ಫೋನ್ ಹಚ್ಚಿದೆ. "ಹಾಜಿ ಸಾಹೇಬ್, ಗುಲ್ ಜಮಾನ್ ಮನೆ ಮುಟ್ಟಿದ. ನಿಮ್ಮ ಮಾತು ನಡೀತು." ಇಷ್ಟನ್ನು ಹೇಳಲು ನಾನು ಹಿಂಜರಿಯಬಹುದೆಂದು ಅಂದುಕೊಂಡಿದ್ದೆ, ಹಿಂಜರಿಯಲಿಲ್ಲ.

ಹಾಜಿ ಕೇಳಿದರು, "ನನ್ನ ತಂದೆ ಎಲ್ಲಿದ್ದಾರೆ?"

"ಅವನ ಮನೆಯಲ್ಲೇ. ಕತ್ತಲಾಗ್ತಾ ಬಂತು, ರಾತ್ರಿ ಅಲ್ಲೇ ಉಳೀತಾರಂತೆ."

"ಊಟ ಮಾಡಿದರಾ?"

ಆಗ ಹೊಳೆಯಿತು. ರುವೈಸ್‌ವರೆಗೆ ಹೋಗುವಾಗ, ಬರುವಾಗ, ಆ ಕೋಣೆಯಲ್ಲಿ, ನಾನು ಎಲ್ಲ ಅಪಾಯವನ್ನೂ ಎಣಿಸಿದ್ದೆ, ಒಂದನ್ನು ಬಿಟ್ಟು. ಹಾಜಿಯವರ ಅಣ್ಣನ ಮಗನನ್ನು ಕೊಂದವರ ಮನೆಯಲ್ಲಿ ಈ ರಾತ್ರಿ ಅವರ ಕಣ್ಣು ಕಾಣದ ತಂದೆ ಒಬ್ಬರೇ ಮಲಗುತ್ತಿದ್ದರು. ಅದಕ್ಕೆ ಹಾಜಿ ಯಾರಿಂದಲೂ ಮಾತು ಕೇಳಿ ಪಡೆದಿರಲಿಲ್ಲ.

"ಮಾಡಿರ್ತಾರೆ," ಎಂದೆ. "ನಾಳೆ ಬೆಳಿಗ್ಗೆ ನಿಮ್ಮ ಸೀಮೆ ಶುರುವಾಗೋ ಹಳ್ಳದವರೆಗೆ ಗುಲ್ ಜಮಾನೇ ಜೊತೆಗೆ ಕೂತು ಬಿಟ್ಟು ಬರ್ತಾನಂತೆ."

"ಹಳ್ಳ ದಾಟಿದ ಮೇಲೆ ಫೋನ್ ಮಾಡು, ವಕೀಲ್ ಸಾಹೇಬ್."

ಭಾನುವಾರ ಹನ್ನೊಂದಕ್ಕೆ ಮಾಳಿಗೆಯಿಂದ ಸುದ್ದಿ ಬಂತು. ಮುದುಕರು ಹಳ್ಳ ದಾಟಿ ತಮ್ಮವರ ಕೈ ಹಿಡಿದಿದ್ದರು. ಕೂಡಲೇ ರುವೈಸ್‌ನ ನಂಬರ್ ಒತ್ತಿದೆ. ಹಾಜಿ ಶೇರ್ ಬಾಜ್ ಮೊದಲ ರಿಂಗಿಗೇ ಎತ್ತಿದರು.