ಕಲ್ಲಿನ ಮನೆಯ ಮರವನ್ನು ಬಲ್ಲವರು: ಕ್ಯಾಪ್ಟನ್ ಅನ್ಸೆಲ್ಮು ತೈಷೈರ

ಪೋರ್ತು ನಗರದ ಅಗ್ನಿಶಾಮಕರಲ್ಲಿ ಬೆಂಕಿಯನ್ನು ಬಲ್ಲವರು ಅನೇಕರು. ಬೆಂಕಿ ಹೊಕ್ಕ ಮನೆಯನ್ನು ಬಲ್ಲವರೆಂದರೆ ಮೊದಲು ನಾಲಿಗೆಗೆ ಬರುವುದು, ಈ ವಸಂತದಲ್ಲಿ ನಿವೃತ್ತರಾಗುತ್ತಿರುವ ಕ್ಯಾಪ್ಟನ್ ಅನ್ಸೆಲ್ಮು ತೈಷೈರ ಅವರ ಹೆಸರು.

ಬಡಗಿಯ ಮಗನಾದ ಅವರು, ಸೇವೆಗೆ ಸೇರಿದ ಹೊಸತರಲ್ಲಿ, ನದಿಯ ಮಂಜು ಏರಿಬರುವ ಓಣಿಗಳಲ್ಲಿ ಕನಸಿನಲ್ಲಿ ನಡೆಯುವವರಂತೆ ಅಲೆದು, ಒಂದೊಂದು ಮನೆಯ ಮುಂದೆಯೂ ಮೈಮರೆತು ನಿಲ್ಲುತ್ತಿದ್ದರಂತೆ. ಕಾಂಕ್ರೀಟಿನ ಕಟ್ಟಡ ಬೆಂಕಿಯನ್ನು ಕೋಣೆಯಲ್ಲಿ ಕೂಡಿಹಾಕಿ ಕುದಿಸುತ್ತದೆ. ಕಬ್ಬಿಣದ ಗೋದಾಮು ಕಾದು ಬಾಗಿ, ಹೇಳದೆ ಕೇಳದೆ ಕುಸಿಯುತ್ತದೆ. ಹಳೆಯ ಪೇಟೆಯ ಮನೆಗಳಾದರೋ ಹೊರಗೆ ಕಲ್ಲು, ಒಳಗೆಲ್ಲ ಮರ. ಅಕ್ಕಪಕ್ಕದ ಗೋಡೆಗಳಿಗೆ ಅಡ್ಡಲಾಗಿ ತೊಲೆ, ಕೋಣೆಗಳ ನಡುವೆ ಗಾರೆ ಮೆತ್ತಿದ ಟೊಳ್ಳು ತಡಿಕೆ. ಆ ಟೊಳ್ಳಿನಲ್ಲಿ ಬೆಂಕಿ ಕಳ್ಳನಂತೆ ಮೇಲೇರುತ್ತದೆ.

ಮಂಜು ಕವಿದ ಒಂದು ಮಧ್ಯಾಹ್ನ ಅಂಥದೇ ಮನೆ ಹೊತ್ತಿಕೊಂಡಿತು. ಮೂರನೆಯ ಮಹಡಿಯ ಹಿಂಬದಿಯಲ್ಲಿ ದೋನ ಇರ್ಮೆಲಿಂದ ಎಂಬ ವೃದ್ಧೆ ಸಿಕ್ಕಿಕೊಂಡಿದ್ದರು. ಏಣಿಯೇರಿ ಕಿಟಕಿಯಿಂದ ಒಳಗಿಳಿದ ಲೀದಿಯ ಎಂಬ ಹೊಸ ಸಿಬ್ಬಂದಿ ಕೋಣೆಯ ನಡುವೆ ಕಾಲಿಡುವಷ್ಟರಲ್ಲಿ, ಬೆನ್ನಿಗೇ ಬಂದ ತೈಷೈರರು ಅವಳ ಕೋಟು ಹಿಡಿದೆಳೆದರು.

"ಎಲ್ಲಿಗ್ ಓಡ್ತೀಯಾ ಹುಡುಗಿ? ತೊಲೆ ನಡುವೆ ಸುಟ್ಟಿದೆ. ಕಲ್ಲೊಳಗಿನ ತುದಿ ಇನ್ನೂ ಗಟ್ಟಿ. ಗೋಡೆ ಬದೀಲಿ ಬಾ."

ಕಣ್ಣಿಗೆ ಕಾಣದ ಆ ಕೋಣೆಯಲ್ಲಿ ಹೊಗೆಯೂ ಮಂಜೂ ಒಂದೇ ಆಗಿ, ಸತ್ತ ಅಪ್ಪ ಎಲ್ಲೋ ಪಕ್ಕದಲ್ಲೇ ಮರಕ್ಕೆ ಹತ್ತರಿ ಹಿಡಿಯುತ್ತಿದ್ದಾನೆಂದು ಅವರಿಗೆ ಅನ್ನಿಸಿತಂತೆ. ಭಯವೂ ಆಯಿತಂತೆ. ಗೋಡೆಯ ಬದಿಯಲ್ಲೇ ಸರಿದು ವೃದ್ಧೆಯನ್ನು ಮುಟ್ಟಿದ ತೈಷೈರರು ಹೇಳಿದರು:

"ಗೋಡೆಗೆ ಬೆನ್ನು ಹಚ್ಚಿ ನಡೀರಿ, ಅಜ್ಜಿ."

"ಹುಟ್ಟಿದಾಗಿಂದ ಈ ಮನೇಲಿ ನಡೆದಿದೀನಿ. ನೀನು ನಂಗೆ ನಡಿಯೋದು ಕಲಿಸ್ತೀಯೇನೋ?"

"ಇವತ್ತೊಂದಿನ ಕಲೀರಿ. ನಾಳೆ ಬೇಕಾದ್ರೆ ಮರೀರಿ."

ವೃದ್ಧೆ ಬೈಯುತ್ತಲೇ ನಡೆದರು. ಮೂವರೂ ಏಣಿ ಮುಟ್ಟುವ ಹೊತ್ತಿಗೆ ಕೋಣೆಯ ನಡುನೆಲ ನಿಟ್ಟುಸಿರಿನಂಥ ಸದ್ದು ಮಾಡಿ ಕೆಳಕ್ಕಿಳಿಯಿತು.

ಕೆಲಸ ಬಿಡುತ್ತೇನೆಂದು ಮರುದಿನ ಲೀದಿಯ ಬಂದಳು. ತೈಷೈರರು ಉಪದೇಶಿಸಲಿಲ್ಲ, ಕೋಸಿನೆಲೆಯ ಬಿಸಿ ಸಾರು ಕುಡಿಸಿ, ಅದೇ ಓಣಿಗೆ ಕರೆದೊಯ್ದು, ಸುಟ್ಟ ಮನೆಯ ನೆರೆಮನೆ ತೋರಿಸಿದರು. "ಇದರ ತೊಲೆ ಎಲ್ಲಿಂದೆಲ್ಲಿಗೆ?" ಅವಳು ಬಹಳ ಹೊತ್ತು ನೋಡಿ, ಸರಿಯಾಗಿ ಹೇಳಿದಳು. "ಹಾಗಾದ್ರೆ ನಿನ್ನನ್ನ ಬಿಡೋಕಾಗಲ್ಲ," ಎಂದರು. ಇಂದು ತರಬೇತಿ ಶಾಲೆಯಲ್ಲಿ ಅವರ ಪಾಠಗಳನ್ನು ಮುಂದುವರಿಸುತ್ತಿರುವವರು ಆ ಲೀದಿಯ ಅವರೇ.

ಈಗ ಗುಡ್ಡದ ಮೇಲೆ, ಹಲಗೆಗಳನ್ನು ಅಂಟಿಸಿ ಕಟ್ಟುವ ಹೊಸ ಬಗೆಯ ಮರದ ಬಹುಮಹಡಿಯೊಂದು ಏಳುತ್ತಿದೆ. ಅದು ಹೇಗೆ ಉರಿದೀತೆಂಬುದು ಅಗ್ನಿಶಾಮಕರಾದ ನಮ್ಮಲ್ಲಿ ಯಾರಿಗೂ ಸರಿಯಾಗಿ ತಿಳಿಯದು. ತೈಷೈರರು ಆಗಲೇ ಎರಡು ಸಲ ಅಲ್ಲಿಗೆ ಹೋಗಿ ಮೇಸ್ತ್ರಿಯನ್ನು ಕಾಡಿ ಬಂದಿದ್ದಾರೆ. ಅದನ್ನು ಅರಿಯುವಷ್ಟು ದೀರ್ಘವಾದ ಆಯುಸ್ಸು ಅವರದಾಗಲಿ. ಆ ಅರಿಯುವ ಕೆಲಸ ಮಾತ್ರ ಬೇಗ ಮುಗಿಯದಿರಲಿ.